ಸ್ವಿಫ್ಟ್‌ಗೆ ಹೊಸ ರಿಮ್: 15 ಸಾಕಾ, 16 ಬೇಕಾ? ಪುಣೆಯವರು ಹೇಳಿ

ಕೊಥ್ರೂಡ್ ಧಾರವಾಡಿ:
ಎಲ್ಲರಿಗೂ ನಮಸ್ಕಾರ. ನನ್ನದು 2019ರ ಸ್ವಿಫ್ಟ್ ವಿಎಕ್ಸ್‌ಐ, ಪೆಟ್ರೋಲ್. ಕಂಪನಿಯಿಂದ ಬಂದದ್ದು 14 ಇಂಚಿನ ಸ್ಟೀಲ್ ರಿಮ್, ಟೈರ್ 165/80 ಆರ್14. ಹೋದ ವಾರ ರಾತ್ರಿ ಮಳೆಯಲ್ಲಿ ಸಿಂಹಗಡ ರಸ್ತೆಯಲ್ಲಿ ಬರುವಾಗ ನೀರು ತುಂಬಿದ ಒಂದು ತಗ್ಗಿಗೆ ಎಡಗಡೆಯ ಮುಂದಿನ ಚಕ್ರ ಬಿತ್ತು. ಬಿದ್ದ ಸದ್ದಿಗೆ ಹಿಂದೆ ಮಲಗಿದ್ದ ಮಗಳು ಎದ್ದು ಕೂತಳು. ಬೆಳಿಗ್ಗೆ ನೋಡಿದರೆ ರಿಮ್ಮಿನ ಅಂಚು ಒಳಗೆ ಮಡಚಿಕೊಂಡಿದೆ, ಟೈರ್ ಪಕ್ಕದಲ್ಲಿ ಲಿಂಬೆಹಣ್ಣಿನಷ್ಟು ಉಬ್ಬು.

ಟೈರ್‌ಗಳು ಹೇಗೂ 58,000 ಕಿಮೀ ಓಡಿವೆ, ನಾಲ್ಕೂ ಬದಲಿಸಬೇಕು. ಹಾಗಾಗಿ ಈ ನೆಪದಲ್ಲಿ ಅಲಾಯ್, ಅಂದರೆ ಅಲ್ಯೂಮಿನಿಯಮ್ ಮಿಶ್ರಲೋಹದ ರಿಮ್, ಹಾಕಿಸಿಬಿಡೋಣ ಅಂತ ಆಸೆ. ನಾನಾ ಪೇಠೆಯ ಒಂದು ಅಂಗಡಿಯಲ್ಲಿ 16 ಇಂಚಿನದು ತೋರಿಸಿದರು, ಕಪ್ಪು, ನೋಡೋಕೆ ಭಾರೀ ಚೆಂದ. ನಾಲ್ಕು ತೂತಿನದು ಎಲ್ಲಾ ಕೂತುಕೊಳ್ಳುತ್ತದೆ, ಚಿಂತೆ ಬೇಡ ಅಂದರು. ನಿಜವಾ? ತಿಂಗಳಿಗೊಮ್ಮೆ ಧಾರವಾಡಕ್ಕೆ ಹೋಗಿ ಬರುತ್ತೇನೆ, ಉಳಿದಂತೆ ಊರೊಳಗೇ ಓಡಾಟ.

ವಾಕಡ್ ಹದಿನೇಳು:
ಗುರೂ, 16 ಯಾಕೆ, 17 ಹಾಕು. ನನ್ನದೂ ಸ್ವಿಫ್ಟ್, ಜೆಡ್‌ಎಕ್ಸ್‌ಐ. 205/45 ಆರ್17 ಹಾಕಿಸಿ ಒಂದೂವರೆ ವರ್ಷ ಆಯಿತು. ಕಾರು ತಿರುವಿನಲ್ಲಿ ನೆಲಕ್ಕೆ ಅಂಟಿಕೊಂಡ ಹಾಗೆ ಹೋಗುತ್ತದೆ. ಸೊಸೈಟಿ ಪಾರ್ಕಿಂಗ್‌ನಲ್ಲಿ ಜನ ತಿರುಗಿ ನೋಡುತ್ತಾರೆ. 14 ಇಂಚು ಅಂದರೆ ಆನೆಗೆ ಆಡಿನ ಕಾಲು.

ಚಿಂಚವಡದ ಮಾಮಾ:
ಧಾರವಾಡದವರೇ, ಮೊದಲು ಆ ಉಬ್ಬಿದ ಟೈರ್ ತೆಗೆದು ಸ್ಟೆಪ್ನಿ ಹಾಕಿಕೊಳ್ಳಿ. ಒಳಗಿನ ದಾರ ಹರಿದಿರುತ್ತದೆ, ಅದು ಯಾವಾಗ ಬೇಕಾದರೂ ಸಿಡಿಯಬಹುದು. ಆಮೇಲೆ ಅಲಾಯ್ ಮಾತು.

ಇನ್ನು "ನಾಲ್ಕು ತೂತಿನದು ಎಲ್ಲಾ ಕೂರುತ್ತದೆ" ಅನ್ನೋದು ಶುದ್ಧ ಸುಳ್ಳು. ನಾನು 31 ವರ್ಷ ಇಲ್ಲಿ ಫೌಂಡ್ರಿಯಲ್ಲಿ ಅಲ್ಯೂಮಿನಿಯಮ್ ಎರಕ ಹೊಯ್ದವನು, ಈಗ ನಿವೃತ್ತ. ರಿಮ್ ಕೊಳ್ಳುವಾಗ ಬಣ್ಣ ಕೊನೆಗೆ ನೋಡಿ. ಮೊದಲು ಅದರ ಬೆನ್ನು ತಿರುಗಿಸಿ ಅಂಕಿ ಓದಿ. ಸ್ವಿಫ್ಟ್‌ದು ಪಿಸಿಡಿ 4×100, ಅಂದರೆ ನಾಲ್ಕು ಸ್ಟಡ್‌ಗಳ (ನಟ್ ಬಿಗಿಯುವ ಮೊಳೆಗಳ) ನಡುಬಿಂದುಗಳ ಮೂಲಕ ಹಾದುಹೋಗುವ ವೃತ್ತದ ಅಡ್ಡಳತೆ 100 ಮಿಮೀ. ನಡುವಿನ ದೊಡ್ಡ ತೂತು, ಕಾರಿನ ಹಬ್ (ಚಕ್ರ ಕೂರುವ ನಡುಭಾಗ) ಅದರೊಳಗೆ ಕೂರುತ್ತದೆ, ಅದೇ ಸೆಂಟರ್ ಬೋರ್, 54.1 ಮಿಮೀ. ನಟ್ ಎಂ12, ಪಿಚ್ 1.25, ಅಂದರೆ ಸ್ಟಡ್ 12 ಮಿಮೀ ದಪ್ಪ, ಥ್ರೆಡ್‌ಗಳ ನಡುವೆ 1.25 ಮಿಮೀ. ಇದು ಮೂರೂ ಹೊಂದಬೇಕು. ಇದಾದ ಮೇಲೆ ಅಗಲ ಮತ್ತು ಆಫ್‌ಸೆಟ್, ಅಂದರೆ ಹಬ್‌ಗೆ ತಾಗುವ ಮುಖ ರಿಮ್ಮಿನ ನಡುಗೆರೆಯಿಂದ ಎಷ್ಟು ಮಿಮೀ ಹೊರಗಿದೆ ಅನ್ನೋದು.

ಸ್ಕೇಲ್ ಇದ್ದರೆ ಪಿಸಿಡಿ ನೀವೇ ಅಳೆಯಬಹುದು. ನಾಲ್ಕು ತೂತಿನ ರಿಮ್ಮಿನಲ್ಲಿ ಒಂದು ತೂತಿನ ಒಳ ಅಂಚಿನಿಂದ ಎದುರಿನ ತೂತಿನ ಹೊರ ಅಂಚಿನವರೆಗೆ ಅಳೆಯಿರಿ, ಅದೇ ಪಿಸಿಡಿ. ಐದು ತೂತಿನದಕ್ಕೆ ಇದು ನಡೆಯುವುದಿಲ್ಲ, ಎದುರುಬದುರು ತೂತು ಇರುವುದಿಲ್ಲವಲ್ಲ.

ಕುರ್ಲಾ ಕನ್ನಡಿಗ:
ಮಾಮಾ ಹೇಳಿದ ಸ್ಕೇಲ್ ಮಾತು ಬಂಗಾರ. ಇಲ್ಲಿ ಕುರ್ಲಾದ ಸಿಎಸ್‌ಟಿ ರಸ್ತೆಯಲ್ಲಿ ಹಳೇ ಅಲಾಯ್ ರಾಶಿ ರಾಶಿ ಸಿಗುತ್ತದೆ. ಮೂರು ವರ್ಷದ ಹಿಂದೆ ನಾನೂ ಸ್ವಿಫ್ಟ್‌ಗೆ ಅಂತ ಒಂದು ಸೆಟ್ ಎತ್ತಿಕೊಂಡೆ, ಚೌಕಾಸಿ ಮಾಡಿ 9,000ಕ್ಕೆ. ಹಬ್ ಮೇಲೆ ಕೂತಿತು, ನಟ್ ಸ್ವಲ್ಪ ಬಿಗಿ ಬಂತು, ಆದರೂ ತಿರುಗಿತು. 70 ದಾಟಿದರೆ ಸ್ಟೇರಿಂಗ್ ನಡುಗುತ್ತಿತ್ತು. ಎರಡು ಸಲ ಬ್ಯಾಲೆನ್ಸಿಂಗ್ ಮಾಡಿಸಿದೆ, ಅಲೈನ್‌ಮೆಂಟ್ ಮಾಡಿಸಿದೆ, ದುಡ್ಡು ಹೋಯಿತು, ನಡುಕ ಹೋಗಲಿಲ್ಲ.

ಕೊನೆಗೆ ಒಬ್ಬ ಪಂಕ್ಚರ್ ಅಂಗಡಿಯವನು, ವಯಸ್ಸಾದವನು, ಅಳೆದು ಹೇಳಿದ. ಅದು 4×98. ಫಿಯಟ್‌ದು! ಪುಂಟೋ, ಲಿನಿಯಾ ನಿಮ್ಮ ಪುಣೆ ಹತ್ತಿರದ ರಂಜನಗಾಂವ್‌ನಲ್ಲೇ ತಯಾರಾದವು, ಅವುಗಳ ರಿಮ್ ಈ ಕಡೆ ಇನ್ನೂ ತಿರುಗಾಡುತ್ತಿರುತ್ತವೆ. ಅದರ ಬೋರ್ 58.1, ಹಾಗಾಗಿ ಸ್ವಿಫ್ಟ್‌ನ 54.1ರ ಹಬ್ ಮೇಲೆ ಸಲೀಸಾಗಿ ಇಳಿಯುತ್ತದೆ. ಕಣ್ಣಿಗೆ ಗೊತ್ತೇ ಆಗುವುದಿಲ್ಲ. ಒಂದೊಂದು ಸ್ಟಡ್ ಒಂದೊಂದು ಮಿಮೀ ಓರೆಯಾಗಿ ಎಳೆದುಕೊಂಡು ಕೂತಿತ್ತು. ಆ ಸ್ಥಿತಿಯಲ್ಲಿ ಎಕ್ಸ್‌ಪ್ರೆಸ್‌ವೇ ಮೇಲೆ ಹೆಂಡತಿ ಮಕ್ಕಳನ್ನು ಕೂರಿಸಿಕೊಂಡು ಹೋಗಿ ಬಂದಿದ್ದೇನೆ. ಈಗ ನೆನೆಸಿಕೊಂಡರೆ ಬೆವರು ಬರುತ್ತದೆ.

ಕೊಥ್ರೂಡ್ ಧಾರವಾಡಿ:
ಅಯ್ಯೋ ದೇವರೇ. ಮಾಮಾ, ಸ್ಟೆಪ್ನಿ ಹಾಕಿಕೊಂಡೆ. ಒಂದು ಡೌಟು. ಬೋರ್ ದೊಡ್ಡದಿದ್ದರೂ ನಟ್ ಬಿಗಿ ಹಿಡಿದಿರುತ್ತದಲ್ವಾ, ಏನು ತೊಂದರೆ? ನಾನಾ ಪೇಠೆಯ ಆ ಕಪ್ಪು ರಿಮ್‌ದು 73.1 ಅಂತ ಇವತ್ತು ಫೋನ್ ಮಾಡಿ ಕೇಳಿದಾಗ ಹೇಳಿದರು.

ಚಿಂಚವಡದ ಮಾಮಾ:
ಹೊರಗಿನ ಕಂಪನಿಗಳು ಒಂದೇ ಅಚ್ಚಿನಲ್ಲಿ ಹತ್ತು ಕಾರಿಗೆ ಹೊಂದಲಿ ಅಂತ ಬೋರ್ ದೊಡ್ಡದಾಗಿಯೇ ಬಿಡುತ್ತಾರೆ. 67.1, 73.1 ಎಲ್ಲಾ ಮಾಮೂಲಿ. ತಪ್ಪೇನಿಲ್ಲ, ಆದರೆ ನಡುವಿನ ಸಂದಿ ತುಂಬಲು ಹಬ್ ರಿಂಗ್ ಹಾಕಬೇಕು. ನಿಮಗೆ ಬೇಕಾದದ್ದು ಹೊರಗೆ 73.1, ಒಳಗೆ 54.1. ರಿಂಗ್ ಇಲ್ಲದಿದ್ದರೆ ಚಕ್ರವನ್ನು ನಡುಮಧ್ಯಕ್ಕೆ ತರುವ ಕೆಲಸವೆಲ್ಲಾ ನಟ್‌ಗಳ ಮೇಲೆ ಬೀಳುತ್ತದೆ. ಬಿಗಿಯುವವನು ಒಂದು ಕಡೆ ಮೊದಲು ಪೂರ್ತಿ ಬಿಗಿದುಬಿಟ್ಟರೆ ಚಕ್ರ ಕೂದಲೆಳೆಯಷ್ಟು ಪಕ್ಕಕ್ಕೆ ಕೂರುತ್ತದೆ, ಆ ಕೂದಲೆಳೆಯೇ 80ರ ವೇಗದಲ್ಲಿ ನಡುಕ. ರಿಂಗ್‌ಗೆ ನಾಲ್ಕು ಕಾಸು, ಆದರೂ ಎಷ್ಟೋ ಅಂಗಡಿಯವರು ಹಾಕುವುದೇ ಇಲ್ಲ, ಕೇಳಿದರೆ ಮುಖ ನೋಡುತ್ತಾರೆ.

ಔಂಧ್ ಅಕ್ಕ:
ನಟ್ ವಿಷಯ ನಾನು ಹೇಳುತ್ತೇನೆ, ಅನುಭವಿಸಿದವಳು. ನನ್ನದು ಹೊಂಡಾ ಜಾಝ್. ಪಿಸಿಡಿ ಅದೇ 4×100, ಬೋರ್ 56.1. ಹೊರಗಿನ ಅಲಾಯ್ ಹಾಕಿಸಿದೆ, ಅಂಗಡಿಯ ಹುಡುಗ ಹಳೇ ನಟ್‌ಗಳನ್ನೇ ಹಾಕಿ ಬಿಗಿದ. ನಾನೂ ನೋಡುತ್ತಾ ನಿಂತಿದ್ದೆ, ಏನೂ ಗೊತ್ತಾಗಲಿಲ್ಲ. ಎರಡು ವಾರ ಕಳೆದು ಊರಿಗೆ ಹೊರಟಾಗ ಖಂಬಾಟ್ಕಿ ಘಾಟ್ ಹತ್ತುವಾಗ ಟಕ್ ಟಕ್ ಅಂತ ಸದ್ದು. ರೇಡಿಯೋ ಆಫ್ ಮಾಡಿದೆ, ಎಸಿ ಆಫ್ ಮಾಡಿದೆ, ಸದ್ದು ನಿಲ್ಲಲಿಲ್ಲ. ಇಳಿದು ನೋಡಿದರೆ ಹಿಂದಿನ ಚಕ್ರದ ಎರಡು ನಟ್ ಕೈಯಲ್ಲೇ ತಿರುಗುತ್ತಿವೆ.

ಆಮೇಲೆ ತಿಳಿಯಿತು. ಹೊಂಡಾದ ಕಂಪನಿ ನಟ್‌ನ ತಳ ದುಂಡಗೆ, ಚೆಂಡಿನ ಹಾಗೆ. ಹೊರಗಿನ ಅಲಾಯ್‌ಗಳ ತೂತು ಸಾಮಾನ್ಯವಾಗಿ ಶಂಕುವಿನಾಕಾರ, 60 ಡಿಗ್ರಿ. ದುಂಡಗಿನದನ್ನು ಶಂಕುವಿನಲ್ಲಿ ಕೂರಿಸಿದರೆ ಒಂದು ತೆಳ್ಳಗಿನ ಗೆರೆಯಷ್ಟೇ ತಾಗುತ್ತದೆ. ಹೊರಗಿಂದ ನೋಡಿದರೆ ಎರಡೂ ಒಂದೇ ಥರ! ಹೊಸ ಅಲಾಯ್ ಜೊತೆಗೆ ಅದಕ್ಕೆ ಹೊಂದುವ ನಟ್ ಸೆಟ್ ಕೇಳಿ ತೆಗೆದುಕೊಳ್ಳಿ. 50–100 ಕಿಮೀ ಓಡಿದ ಮೇಲೆ ಒಮ್ಮೆ ಟಾರ್ಕ್ ಪಾನಾದಿಂದ, ಅಂದರೆ ಬಿಗಿತ ಅಳೆಯುವ ಪಾನಾದಿಂದ, ಮತ್ತೆ ಬಿಗಿಸಿ. ಗಾಳಿ ಗನ್ನಿನಲ್ಲಿ ಟರ್ರ್ ಅನ್ನಿಸಿ ಕಳಿಸುವುದು ಬೇಡ, ಎಷ್ಟು ಬಿಗಿಯಬೇಕು ಅನ್ನೋದು ನಿಮ್ಮ ಕಾರಿನ ಪುಸ್ತಕದಲ್ಲೇ ಇರುತ್ತದೆ.

ಚಾಕಣ್ ಉಡುಪಿ:
ಪೋಲೋ ಇರುವವರು ಈ ಚರ್ಚೆ ಓದಿ ಗಲಿಬಿಲಿ ಆಗಬೇಡಿ ಮಾರಾಯ್ರೇ. ನಮ್ಮ ಚಾಕಣ್‌ನಲ್ಲೇ ತಯಾರಾದ ಕಾರು, ಆದರೆ ಲೆಕ್ಕವೇ ಬೇರೆ. 5×100, ಬೋರ್ 57.1, ನಟ್ ಇಲ್ಲ, ಬೋಲ್ಟ್. ಫೋರ್ಡ್ ಫಿಗೋ ಇರುವವರದು 4×108. ಪಕ್ಕದ ಮನೆಯವರ ಕಾರಿನ ರಿಮ್ ಸಾಲ ಕೇಳುವ ಮೊದಲು ನೋಡಿಕೊಳ್ಳಿ.

ವಾಕಡ್ ಹದಿನೇಳು:
ಎಲ್ಲಾ ಸೇರಿ ಹೆದರಿಸಿಬಿಟ್ಟಿರಿ ಪಾಪ ಅವನನ್ನು. ನನ್ನದು 4×100, ಹಬ್ ರಿಂಗ್ ಇದೆ, ಶಂಕು ನಟ್ ಇದೆ. ಎಲ್ಲಾ ಸರಿ ಇದೆ. 17 ಹಾಕಿದರೆ ಚಕ್ರದ ಒಟ್ಟು ಎತ್ತರವೂ ಜಾಸ್ತಿ ಬದಲಾಗಿಲ್ಲ, ಸ್ಪೀಡೋಮೀಟರ್ ಸರಿ ತೋರಿಸುತ್ತದೆ. ಇನ್ನೇನು ಬೇಕು?

ಚಿಂಚವಡದ ಮಾಮಾ:
ನೀನು ಹೇಳಿದ್ದು ಅರ್ಧ ಸರಿ ಮಗಾ. ಲೆಕ್ಕ ಮಾಡೋಣ. 165/80 ಆರ್14ರಲ್ಲಿ ಅಗಲ 165, ಅದರ ಶೇ 80 ಅಂದರೆ 132 ಮಿಮೀ ರಬ್ಬರಿನ ಗೋಡೆ. ಮೇಲೆ ಕೆಳಗೆ ಎರಡು ಗೋಡೆ 264, ರಿಮ್ 14 ಇಂಚು ಅಂದರೆ 355.6. ಒಟ್ಟು 619.6 ಮಿಮೀ. ಸ್ವಿಫ್ಟ್‌ನ ಮೇಲಿನ ಮಾಡೆಲ್‌ಗೆ ಕಂಪನಿಯೇ ಕೊಡುವ 185/65 ಆರ್15 ಲೆಕ್ಕ ಹಾಕಿದರೆ 621.5. ಎರಡು ಮಿಮೀ ವ್ಯತ್ಯಾಸ, ಏನೂ ಅಲ್ಲ. 195/55 ಆರ್16 ಹಾಕಿದರೆ 620.9. ನಿನ್ನ 205/45 ಆರ್17ದು 616.3. ಎತ್ತರದಲ್ಲಿ ಎಲ್ಲಾ ಅಣ್ಣತಮ್ಮಂದಿರೇ, ಒಪ್ಪಿದೆ.

ಆದರೆ ಗೋಡೆ ನೋಡು. 14ರಲ್ಲಿ 132, 15ರಲ್ಲಿ 120, 16ರಲ್ಲಿ 107, 17ರಲ್ಲಿ 92. ತಗ್ಗಿಗೆ ಬಿದ್ದಾಗ ಪೆಟ್ಟು ತಿನ್ನುವುದು ಈ ರಬ್ಬರು. ಅದು 40 ಮಿಮೀ ಕಡಿಮೆಯಾದರೆ ಆ ಪೆಟ್ಟು ರಿಮ್ಮಿಗೆ ಹೋಗುತ್ತದೆ, ಅಲ್ಲಿಂದ ಸಸ್ಪೆನ್ಷನ್‌ಗೆ, ಅಲ್ಲಿಂದ ನಿನ್ನ ಸೊಂಟಕ್ಕೆ. ಧಾರವಾಡದವರಿಗೆ 132 ಇದ್ದೂ ರಿಮ್ ಮಡಚಿದೆ. ಅದೇ ತಗ್ಗಿಗೆ ಅದೇ ವೇಗದಲ್ಲಿ 92 ಇದ್ದಿದ್ದರೆ?

ಇನ್ನೊಂದು, ನಿನ್ನ ರಿಮ್ 7 ಜೆ (7 ಇಂಚು) ಅಗಲ, ಆಫ್‌ಸೆಟ್ ಇಟಿ 35 ಇರಬೇಕು, ಮಾರುಕಟ್ಟೆಯ 17 ಹೆಚ್ಚಾಗಿ ಹಾಗೇ ಇರುತ್ತವೆ. ಕಂಪನಿಯದು 5.5 ಜೆ, ಇಟಿ 45 ಅಂತ ಲೆಕ್ಕಕ್ಕೆ ಇಟ್ಟುಕೋ. ಒಂದೂವರೆ ಇಂಚು ಅಗಲ ಜಾಸ್ತಿ, ಅದರ ಅರ್ಧ 19 ಮಿಮೀ. ಆಫ್‌ಸೆಟ್ 10 ಕಡಿಮೆ ಆಯಿತು. ಒಟ್ಟು ನಿನ್ನ ರಿಮ್ 29 ಮಿಮೀ ಹೊರಗೆ ಬಂತು, 9 ಮಿಮೀ ಒಳಗೂ ಹೋಯಿತು. ಕಾರಲ್ಲಿ ನಾಲ್ಕು ಜನ ಕೂತು ಗುಂಡಿ ಹಾರಿಸಿದಾಗ ಫೆಂಡರ್‌ಗೆ ಉಜ್ಜಲ್ವಾ? ಬೇರಿಂಗ್ ಮೇಲೂ ಭಾರ ಹೊರಗಿನಿಂದ ಎಳೆದ ಹಾಗಾಗುತ್ತದೆ.

ವಾಕಡ್ ಹದಿನೇಳು:
ಉಜ್ಜುತ್ತದೆ, ನಾಲ್ಕು ಜನ ಇದ್ದಾಗ ಮಾತ್ರ. ಒಪ್ಪಿಕೊಂಡೆ ಮಾಮಾ. ಮೈಲೇಜೂ ಲೀಟರಿಗೆ ಒಂದು ಒಂದೂವರೆ ಇಳಿದಿದೆ. ಆದರೆ ನನ್ನ ಆಫೀಸು ಹಿಂಜೇವಾಡಿ, ಮನೆಯಿಂದ 6 ಕಿಮೀ, ಅದರಲ್ಲೂ ಮುಕ್ಕಾಲು ಹೊತ್ತು ಟ್ರಾಫಿಕ್‌ನಲ್ಲಿ ನಿಂತಿರುತ್ತೇನೆ. ನಿಂತ ಕಾರು ಚೆಂದ ಕಂಡರೆ ಸಾಕು ನನಗೆ. 17 ತೆಗೆಯುವುದಿಲ್ಲ.

ಚಿಂಚವಡದ ಮಾಮಾ:
ಅದು ನೇರ ಮಾತು, ಇಷ್ಟವಾಯಿತು.

ನಿಪ್ಪಾಣಿ ಲೋಕಲ್:
ನಾನು ವಾರಕ್ಕೊಮ್ಮೆ ಪುಣೆ–ನಿಪ್ಪಾಣಿ ಓಡಾಡುವವನು. ಸಾತಾರಾ, ಕೊಲ್ಹಾಪುರ ಕಡೆ ರಸ್ತೆ ಅಗಲ ಮಾಡುವ ಕೆಲಸದಿಂದ ಎಲ್ಲಿ ನೋಡಿದರೂ ಡೈವರ್ಷನ್, ರಾತ್ರಿ ಎಲ್ಲಿ ಡಾಂಬರು ಮುಗಿದು ಎಲ್ಲಿ ಜಲ್ಲಿ ಶುರು ಅಂತ ಗೊತ್ತಾಗುವುದಿಲ್ಲ. ಈ ದಾರಿಗೆ ಸ್ಟೀಲ್ ರಿಮ್ಮೇ ದೇವರು. ಮಡಚಿದರೆ ಯಾವ ಊರಿನ ಪಂಕ್ಚರ್ ಅಂಗಡಿಯಲ್ಲಾದರೂ ಸುತ್ತಿಗೆಯಲ್ಲಿ ಬಡಿದು ಸರಿ ಮಾಡಿ ಮನೆ ಮುಟ್ಟಿಸುತ್ತಾರೆ. ಅಲಾಯ್ ಬಿರುಕು ಬಿಟ್ಟರೆ ಗಾಳಿ ಪೂರ್ತಿ ಹೋಗುತ್ತದೆ, ಅಷ್ಟೇ.

ಧಾರವಾಡಿ ಅಣ್ಣಾ, ಬರೀ ಒಂದು ರಿಮ್ ಹಾಳಾಗಿದ್ದಕ್ಕೆ ಒಂದು ಹೊಸ 14ರ ಸ್ಟೀಲ್ ರಿಮ್, ನಾಲ್ಕು ಟೈರ್. ಮುಗಿಯಿತು. ಉಳಿದ ದುಡ್ಡಲ್ಲಿ ಪೆಟ್ರೋಲ್ ಹಾಕಿಸಿ.

ಕೊಥ್ರೂಡ್ ಧಾರವಾಡಿ:
ನಿಮ್ಮ ಮಾತು ತೂಕದ್ದೇ. ಆದರೆ ಆಸೆ ಅಂತ ಒಂದು ಇರುತ್ತದಲ್ಲ! ಅಲಾಯ್ ಬೇಕೇ ಬೇಕು. 17 ಬಿಟ್ಟೆ, 16ರ ಮೇಲೂ ಮನಸ್ಸು ಇಳಿಯಿತು. 15 ಅಂತ ಅಂದುಕೊಳ್ಳೋಣ. ಹೊರಗಿನ ಅಲಾಯ್‌ನಲ್ಲಿ ಒಳ್ಳೆಯದು ಕೆಟ್ಟದ್ದು ಹೇಗೆ ಗುರುತಿಸುವುದು ಮಾಮಾ?

ಚಿಂಚವಡದ ಮಾಮಾ:
ಕೂತು ಬರೆಯುತ್ತೇನೆ, ಇದು ನನ್ನ ಹೊಟ್ಟೆಪಾಡಿನ ವಿಷಯ. ಮಾಮೂಲಿ ಅಲಾಯ್ ಅಂದರೆ ಎ356 ಅನ್ನೋ ಮಿಶ್ರಲೋಹ. ಅಲ್ಯೂಮಿನಿಯಮ್, ಅದರಲ್ಲಿ ಸುಮಾರು ಶೇ 7 ಸಿಲಿಕಾನ್, ಚಿಟಿಕೆ ಮೆಗ್ನೀಸಿಯಮ್. ಅಚ್ಚಿಗೆ ಎರಡು ಥರ ತುಂಬುತ್ತಾರೆ. ಒಂದು ಮೇಲಿನಿಂದ ಸುರಿಯುವುದು, ಗ್ರಾವಿಟಿ. ಇನ್ನೊಂದು ಕೆಳಗಿನಿಂದ ಗಾಳಿಯ ಒತ್ತಡದಲ್ಲಿ ನಿಧಾನವಾಗಿ ಏರಿಸುವುದು, ಲೋ ಪ್ರೆಷರ್. ಎರಡನೆಯದರಲ್ಲಿ ಗುಳ್ಳೆ ಕಡಿಮೆ. ರಿಮ್ಮಿಗೆ ಗುಳ್ಳೆಯೇ ಶತ್ರು, ಬಿರುಕು ಅಲ್ಲಿಂದಲೇ ಶುರುವಾಗುತ್ತದೆ. ಫ್ಲೋ ಫಾರ್ಮಿಂಗ್ ಅಂತ ಇದೆ, ಎರಕ ಹೊಯ್ದ ಮೇಲೆ ಅಂಚನ್ನು ಬಿಸಿಯಲ್ಲಿ ರೋಲರ್‌ನಿಂದ ತಟ್ಟಿ ಎಳೆಯುತ್ತಾರೆ, ಕುಂಬಾರ ಮಡಕೆ ಎಳೆದ ಹಾಗೆ. ಹಗುರ, ಗಟ್ಟಿ, ಬೆಲೆಯೂ ಹಾಗೇ. ಫೋರ್ಜ್ಡ್, ಅಂದರೆ ಎರಕ ಹೊಯ್ಯದೆ ಗಟ್ಟಿ ಲೋಹವನ್ನೇ ಒತ್ತಿ ಮಾಡಿದ್ದು, ನಮ್ಮಂಥವರಿಗಲ್ಲ.

ಎರಕದ ನಂತರ ಕುಲುಮೆಯಲ್ಲಿ ಕಾಯಿಸಿ, ನೀರಿಗೆ ಅದ್ದಿ, ಮತ್ತೆ ಹದವಾಗಿ ಕಾಯಿಸುತ್ತಾರೆ. ಟಿ6 ಹದ ಅನ್ನುತ್ತೇವೆ. ಇದೇ ಅದರ ಬಲ. ಅದಕ್ಕೇ ಹೇಳುವುದು, ಬಿರುಕು ಬಿಟ್ಟ ಅಲಾಯ್‌ಗೆ ವೆಲ್ಡಿಂಗ್ ಮಾಡಿಸಬೇಡಿ. ಆ ಬಿಸಿಗೆ ಸುತ್ತಲಿನ ಹದ ಹಾಳಾಗುತ್ತದೆ. ಮೇಲೆ ಬಣ್ಣ ಹೊಡೆದರೆ ಹೊಸದರ ಹಾಗೆ ಕಾಣುತ್ತದೆ, ಒಳಗೆ ಮೆತ್ತಗಾಗಿರುತ್ತದೆ. ಕುರ್ಲಾದವರು ರಾಶಿಯಿಂದ ಎತ್ತಿಕೊಳ್ಳುವಾಗ ಒಳಬದಿಯಲ್ಲಿ ಉಬ್ಬಿದ ಗೆರೆ ಇದೆಯಾ ಅಂತ ಬೆರಳಾಡಿಸಿ ನೋಡಲಿ.

ಗುರುತು ಏನೇನು? ಬೆನ್ನಲ್ಲಿ ಐಎಸ್‌ಐ ಗುರುತು, ಅಳತೆ, ಆಫ್‌ಸೆಟ್, ತಡೆಯುವ ಭಾರ ಅಚ್ಚಾಗಿರಬೇಕು. ಜಪಾನಿನ ಜೆಡಬ್ಲ್ಯುಎಲ್ ಗುರುತೂ ಇರಬಹುದು, ಆದರೆ ಅಚ್ಚಿನಲ್ಲಿ ಮೂರು ಅಕ್ಷರ ಕೆತ್ತುವುದು ಯಾರಿಗೂ ಕಷ್ಟವಲ್ಲ, ಅದೊಂದನ್ನೇ ನಂಬಬೇಡಿ. ಒಳ್ಳೆಯ ರಿಮ್ ಮೂರು ಪರೀಕ್ಷೆ ದಾಟಿರುತ್ತದೆ. ತಿರುವಿನಲ್ಲಿ ಬಾಗುವ ಹಾಗೆ ತಿರುಗಿಸುವುದು, ಭಾರ ಹೇರಿ ಡ್ರಮ್ ಮೇಲೆ ಓಡಿಸುವುದು, ಅಂಚಿನ ಮೇಲೆ ಭಾರ ಬೀಳಿಸುವುದು. ನಿಮ್ಮ ಕೊಥ್ರೂಡ್ ಗುಡ್ಡದ ಮೇಲಿದೆಯಲ್ಲ ಎಆರ್‌ಎಐ, ವಾಹನಗಳನ್ನು ಹೀಗೆ ಹಿಂಡಿ ನೋಡುವುದೇ ಅವರ ಕೆಲಸ.

ವಾಸ್ಕೋ ವಾಸಿ:
ಗೋವಾದಿಂದ ಒಂದು ಮಾತು. ಸಮುದ್ರದ ಹತ್ತಿರ ಇರುವವರು ಡೈಮಂಡ್ ಕಟ್ ಅಲಾಯ್ ಬೇಡವೇ ಬೇಡ, ಅದೇ ಎರಡು ಬಣ್ಣದ್ದು, ಹೊಳೆಯುವ ಮುಖದ್ದು. ಮೇಲಿನ ಪಾರದರ್ಶಕ ಲೇಪ ಒಂದು ಕಲ್ಲು ತಾಗಿ ಚಕ್ಕೆ ಎದ್ದರೆ ಮುಗಿಯಿತು, ಉಪ್ಪುಗಾಳಿ ಒಳಗೆ ನುಗ್ಗಿ ಬಿಳಿ ಬಿಳಿ ಹುಳು ಹರಿದ ಹಾಗೆ ಗೆರೆ ಬರುತ್ತದೆ. ನನ್ನದಕ್ಕೆ ಎರಡನೇ ಮಳೆಗಾಲಕ್ಕೇ ಬಂತು. ಟೈರ್ ಕೂರುವ ಅಂಚಿನಲ್ಲೂ ಹಾಗೇ ಆಗಿ ವಾರಕ್ಕೊಮ್ಮೆ ಗಾಳಿ ಇಳಿಯುತ್ತಿತ್ತು, ಪಂಕ್ಚರ್ ಹುಡುಕಿ ಹುಡುಕಿ ಸಾಕಾಗಿ ಹೋಯಿತು. ಪೂರ್ತಿ ಬಣ್ಣ ಹೊಡೆದ ಸಾದಾ ಬೆಳ್ಳಿ ಬಣ್ಣದ್ದು ತೆಗೆದುಕೊಳ್ಳಿ. ಬ್ಯಾಲೆನ್ಸಿಂಗ್‌ಗೂ ಅಂಚಿಗೆ ಹೊಡೆಯುವ ಕ್ಲಿಪ್ ತೂಕ ಬೇಡ, ಒಳಗೆ ಅಂಟಿಸುವುದನ್ನೇ ಹಾಕಿಸಿ.

ಕುರ್ಲಾ ಕನ್ನಡಿಗ:
ನನಗೊಂದು ಹೊಳೆಯಿತು. 15 ಇಂಚೇ ಬೇಕು ಅಂದರೆ ಸ್ವಿಫ್ಟ್‌ನ ಮೇಲಿನ ಮಾಡೆಲ್‌ನ ಕಂಪನಿ ಅಲಾಯೇ ಹುಡುಕಬಹುದಲ್ಲ? ಬೋರ್, ಆಫ್‌ಸೆಟ್ ಎಲ್ಲಾ ಅಚ್ಚುಕಟ್ಟು. ರಿಂಗ್ ಗಿಂಗ್ ಗೋಜಿಲ್ಲ. ಆರ್‌ಟಿಒ, ಇನ್ಶೂರೆನ್ಸ್ ಮಾತೂ ಕಡಿಮೆ. ದೊಡ್ಡ ಚಕ್ರ ಹಾಕಿಸಿಕೊಂಡ ಶೋಕಿಲಾಲರು ಕಂಪನಿಯದನ್ನು ಬಿಚ್ಚಿ ಮನೆಯಲ್ಲಿ ಇಟ್ಟಿರುತ್ತಾರೆ.

ವಾಕಡ್ ಹದಿನೇಳು:
ಶೋಕಿಲಾಲ ಹಾಜರ್. ನನ್ನ ಕಂಪನಿ 15ರ ನಾಲ್ಕೂ ಬಾಲ್ಕನಿಯಲ್ಲಿ ಪ್ಲಾಸ್ಟಿಕ್ ಸುತ್ತಿ ಬಿದ್ದಿವೆ, ಬಟ್ಟೆ ಒಣಗಿಸುವ ಸ್ಟ್ಯಾಂಡ್‌ಗೆ ಜಾಗ ಇಲ್ಲ ಅಂತ ಒಂದೂವರೆ ವರ್ಷದಿಂದ ದಿನಾ ಬೈಗುಳ ತಿನ್ನುತ್ತಿದ್ದೇನೆ. ಬಿಚ್ಚುವಾಗ 21,000 ಕಿಮೀ ಓಡಿದ್ದವು. ಒಂದರಲ್ಲಿ ಫುಟ್‌ಪಾತ್‌ಗೆ ಉಜ್ಜಿದ ಗೀರು ಇದೆ. ನಾಲ್ಕಕ್ಕೆ 14,000, ಜೊತೆಗೆ ಅದರ ಕಂಪನಿ ನಟ್ 16 ಕೊಡುತ್ತೇನೆ. ಧಾರವಾಡಿ, ಮೆಸೇಜ್ ಮಾಡು.

ಚಿಂಚವಡದ ಮಾಮಾ:
ಹೋಗುವುದಾದರೆ ಹೇಳಿ, ನಾನೂ ಬರುತ್ತೇನೆ. ಚಹಾ ನಿಮ್ಮದು.

ನಿಪ್ಪಾಣಿ ಲೋಕಲ್:
ಟೈರ್ ಕೊಳ್ಳುವಾಗ ಪಕ್ಕದಲ್ಲಿ ಡಾಟ್ ಅಂತ ಬರೆದ ಸಾಲಿನ ಕೊನೆಯ ನಾಲ್ಕು ಅಂಕಿ ನೋಡಿ. 2423 ಅಂದರೆ 2023ರ 24ನೇ ವಾರ ತಯಾರಾದದ್ದು. ಹಳೇ ಮಾಲು ತಳ್ಳಲು ನೋಡುತ್ತಾರೆ. ಭಾರದ ಅಂಕಿ 88 ಇರಲಿ, ಅಂದರೆ ಒಂದೊಂದು ಟೈರ್ 560 ಕೆಜಿ ತಡೆಯುತ್ತದೆ. ಮತ್ತೆ 195/65 ಕೊಡುತ್ತೇನೆ ಅಂದರೆ ಬೇಡ ಅನ್ನಿ, ಎತ್ತರ 634 ದಾಟುತ್ತದೆ, ಮೀಟರ್ 100 ತೋರಿಸುವಾಗ ನೀವು 102ರ ಮೇಲೆ ಇರುತ್ತೀರಿ.

ಕೊಥ್ರೂಡ್ ಧಾರವಾಡಿ:
ಹತ್ತು ದಿನ ಕಳೆದು ಬರೆಯುತ್ತಿದ್ದೇನೆ. ಭಾನುವಾರ ಮಾಮಾ, ನಾನು ವಾಕಡ್‌ಗೆ ಹೋದೆವು. ಮಾಮಾ ಟಾರ್ಚ್ ಹಿಡಿದು ಒಂದೊಂದು ರಿಮ್ಮಿನ ಬೆನ್ನನ್ನೂ ಡಾಕ್ಟರ್ ಥರ ನೋಡಿದರು, ಬೆರಳಿನ ಗೆಣ್ಣಿನಿಂದ ಕುಟ್ಟಿ ಸದ್ದು ಕೇಳಿದರು. ನಾಲ್ಕನ್ನೂ ಬ್ಯಾಲೆನ್ಸಿಂಗ್ ಯಂತ್ರದ ಮೇಲೆ ಬರಿದೇ ತಿರುಗಿಸಿದೆವು. ಮೂರು ನೆಟ್ಟಗೆ, ಗೀರು ಇದ್ದದ್ದು ಸ್ವಲ್ಪ ಓಲಾಡಿತು. ಅದು ಹಿಂದಿನ ಚಕ್ರಕ್ಕೆ ಇರಲಿ, ಇಷ್ಟಕ್ಕೆ ಭಯವಿಲ್ಲ ಅಂದರು. ಆ ಓಲಾಟಕ್ಕೆ 2,000 ಕಡಿಮೆಯಾಯಿತು. 12,000ಕ್ಕೆ ಮುಗಿಯಿತು. ಚಹಾದ ದುಡ್ಡೂ ವಾಕಡ್‌ನವರೇ ಕೊಟ್ಟರು, ಅವರ ಮನೆಯವರು ಖುಷಿಯಲ್ಲಿ ಪೋಹಾ ಬೇರೆ ತಿನ್ನಿಸಿ ಕಳಿಸಿದರು.

185/65 ಆರ್15, 88ರ ಹೊಸ ಟೈರ್ ನಾಲ್ಕು ಹಾಕಿಸಿದೆ. ಗಾಳಿ ಬಾಗಿಲ ಹತ್ತಿರದ ಸ್ಟಿಕ್ಕರ್ ನೋಡಿ ತುಂಬಿಸಿದೆ, ಅಂಗಡಿಯವರು 40 ಹೊಡೆಯಲು ಹೊರಟಿದ್ದರು. ಊರಿಗೆ ಹೊರಟವನು ಸಾತಾರಾದಲ್ಲಿ ನಿಲ್ಲಿಸಿ ಅಕ್ಕ ಹೇಳಿದಂತೆ ನಟ್ ಮತ್ತೆ ಬಿಗಿದೆ. ಒಂದು ನಟ್ ಕಾಲು ಸುತ್ತು ತಿರುಗಿತು! ಧಾರವಾಡದ ತನಕ 90ರಲ್ಲೂ ನಡುಕ ಇಲ್ಲ. ಬ್ರೇಕ್ ಹಿಡಿತ ಮೊದಲಿಗಿಂತ ಚೆನ್ನಾಗಿದೆ ಅನ್ನಿಸಿತು, ಸಣ್ಣ ತಗ್ಗುಗಳು ಮಾತ್ರ ಮೊದಲಿಗಿಂತ ಸ್ವಲ್ಪ ಜಾಸ್ತಿ ಗೊತ್ತಾಗುತ್ತವೆ.

ಸ್ಟೆಪ್ನಿ ಹಳೇ 14ರ ಸ್ಟೀಲೇ ಇದೆ. ಎತ್ತರ ಹೆಚ್ಚುಕಡಿಮೆ ಒಂದೇ ಇರುವುದರಿಂದ ಪಂಕ್ಚರ್ ಆದರೆ ನಿಧಾನವಾಗಿ ಹತ್ತಿರದ ಅಂಗಡಿ ಮುಟ್ಟಬಹುದು. ಸ್ಟೀಲ್ ರಿಮ್‌ನ ನಟ್ ಒಂದು ಪೊಟ್ಟಣದಲ್ಲಿ ಡಿಕ್ಕಿಯಲ್ಲಿಟ್ಟಿದ್ದೇನೆ. ಇನ್ನೂ ಮೂರು ನೆಟ್ಟಗಿನ 14ರ ಸ್ಟೀಲ್ ರಿಮ್ ಉಳಿದಿವೆ, ಯಾರಿಗಾದರೂ ಬೇಕಾದರೆ ಸುಮ್ನೆ ಬಂದು ಒಯ್ಯಿರಿ, ದುಡ್ಡು ಬೇಡ.

ನಿಪ್ಪಾಣಿ ಲೋಕಲ್:
ಮೂರೂ ನನಗೇ ಇರಲಿ ಅಣ್ಣಾ. ಶುಕ್ರವಾರ ಸಂಜೆ ಬರುತ್ತೇನೆ, ಮನೆ ಯಾವ ಬೀದಿ?